ಪಹಣಿಯಲ್ಲಿಲ್ಲದವರ ನಷ್ಟಕ್ಕೆ ಕ್ಯಾಮೆರಾ ಸಾಕ್ಷಿ

ಔರಾದ: ಆಗಸ್ಟ್ ತಿಂಗಳ ಕೊನೆಯ ವಾರವೆಂದರೆ ಬೀದರ್ ಜಿಲ್ಲೆಯ ಗಡಿ ತಾಲ್ಲೂಕಾದ ಔರಾದದಲ್ಲಿ ಹೆಸರು, ಉದ್ದಿನ ಬೆಳೆ ಕೈಗೆ ಬರುವ ಕಾಲ. ಕಾಯಿ ಒಣಗಿ ಕಪ್ಪಾಗಿರುತ್ತದೆ. ಆಗ ಮೂರು-ನಾಲ್ಕು ದಿನ ಬಿಡದೆ ಮಳೆ ಹಿಡಿದರೆ ಕಾಯಿ ಗಿಡದಲ್ಲೇ ಮೊಳಕೆಯೊಡೆಯುತ್ತದೆ. ಮಳೆ ನಿಂತ ಮೇಲೆ ಅಧಿಕಾರಿಗಳು ಬರುತ್ತಾರೆ, ಸಮೀಕ್ಷೆ ನಡೆಯುತ್ತದೆ, ಪಹಣಿಯಲ್ಲಿ ಹೆಸರಿರುವ ರೈತನ ಹಾನಿ ದಾಖಲಾಗುತ್ತದೆ. ಪರಿಹಾರ ಸಾಕಾಗುತ್ತದೆಯೇ, ಸಕಾಲಕ್ಕೆ ಬರುತ್ತದೆಯೇ ಎಂಬುದು ಬೇರೆ ಪ್ರಶ್ನೆ. ದಾಖಲೆಯಂತೂ ಆಗುತ್ತದೆ.

ಆದರೆ ಅದೇ ಹೊಲದಲ್ಲಿ ಕಾಯಿ ಬಿಡಿಸಲು ಬರಬೇಕಿದ್ದ ಕೂಲಿ ಹೆಣ್ಣುಮಕ್ಕಳು ಕಳೆದುಕೊಂಡ ಹತ್ತಾರು ದಿನಗಳ ಕೂಲಿಯನ್ನು ಬರೆದುಕೊಳ್ಳಲು ಯಾವ ನಮೂನೆಯಲ್ಲೂ ಕಾಲಂ ಇಲ್ಲ. ಬಾಯಿಮಾತಿನ ಮೇಲೆ ಲಾವಣಿಗೆ ಹೊಲ ಹಿಡಿದು ಬೀಜ, ಗೊಬ್ಬರಕ್ಕೆ ಸಾಲ ಮಾಡಿದವನ ಹೆಸರು ಪಹಣಿಯಲ್ಲಿರುವುದಿಲ್ಲ. ಕೂಲಿ ಸಿಗದೆ ಹೈದರಾಬಾದಿಗೋ ಪುಣೆಗೋ ಕಟ್ಟಡ ಕೆಲಸಕ್ಕೆ ಹೊರಟ ತಾಂಡಾದ ಕುಟುಂಬವನ್ನು ಹವಾಮಾನದ ಸಂತ್ರಸ್ತರೆಂದು ಯಾರೂ ಕರೆಯುವುದಿಲ್ಲ.

ಹವಾಮಾನ ಬದಲಾವಣೆ ಮತ್ತು ಸಾಮಾಜಿಕ ನ್ಯಾಯ ಎಂಬ ಎರಡು ದೊಡ್ಡ ಮಾತುಗಳು ಒಂದನ್ನೊಂದು ಸಂಧಿಸುವುದು ಇಲ್ಲಿಯೇ. ಲೆಕ್ಕಕ್ಕೆ ಸೇರದ ಈ ನಷ್ಟವನ್ನು ಲೆಕ್ಕಕ್ಕೆ ತರುವ ಸಾಧನಗಳಲ್ಲಿ ಸಾಕ್ಷ್ಯಚಿತ್ರವೂ ಒಂದು. ಅಂಥ ಚಿತ್ರಗಳು ಹೇಗೆ ರೂಪುಗೊಳ್ಳುತ್ತವೆ, ಅವುಗಳಿಂದ ಏನು ಸಾಧ್ಯ, ಏನು ಅಸಾಧ್ಯ ಎಂಬುದನ್ನು ತಿಳಿಯಲು ದೂರ ಹೋಗಬೇಕಾಗಿಲ್ಲ. ಬೀದರ್ ನಗರದಿಂದ ಸುಮಾರು 30 ಕಿ.ಮೀ. ದೂರದಲ್ಲಿ, ತೆಲಂಗಾಣದ ಗಡಿಯೊಳಗಿರುವ ಜಹೀರಾಬಾದ್ ಸೀಮೆಯಲ್ಲಿ, ಅಕ್ಷರ ಕಲಿಯದ ದಲಿತ ರೈತ ಮಹಿಳೆಯರೇ ಕ್ಯಾಮೆರಾ ಹಿಡಿದು ಎರಡು ದಶಕಗಳಿಗೂ ಮೀರಿದ ಇತಿಹಾಸವಿದೆ.

ಹವಾಮಾನ ನ್ಯಾಯ ಎಂದರೇನು?

ಬಿಸಿಯಾದ ಗಾಳಿ ಹೆಚ್ಚು ತೇವಾಂಶವನ್ನು ಹಿಡಿದಿಟ್ಟುಕೊಳ್ಳುತ್ತದೆ. ಉಷ್ಣಾಂಶ ಒಂದು ಡಿಗ್ರಿ ಸೆಲ್ಸಿಯಸ್ ಏರಿದರೆ ಈ ಸಾಮರ್ಥ್ಯ ಸುಮಾರು ಶೇ 7ರಷ್ಟು ಹೆಚ್ಚುತ್ತದೆ ಎಂಬುದು ಭೌತಶಾಸ್ತ್ರದ ಸರಳ ನಿಯಮ. ಆದ್ದರಿಂದ ಭೂಮಿ ಕಾದಂತೆಲ್ಲ ಮಳೆ ಬರುವಾಗ ಒಮ್ಮೆಲೇ ಸುರಿಯುವ, ಬಾರದಿರುವಾಗ ದೀರ್ಘಕಾಲ ಬಾರದಿರುವ ಪ್ರವೃತ್ತಿ ಬಲಗೊಳ್ಳುತ್ತದೆ. ವಿಶ್ವ ಹವಾಮಾನ ಸಂಸ್ಥೆಯ ಪ್ರಕಾರ 2024ನೇ ವರ್ಷ ದಾಖಲೆಯ ಅತ್ಯಂತ ಬಿಸಿ ವರ್ಷವಾಗಿದ್ದು, ಜಾಗತಿಕ ಸರಾಸರಿ ಉಷ್ಣಾಂಶವು ಕೈಗಾರಿಕಾ ಯುಗಕ್ಕೆ ಮುಂಚಿನ ಮಟ್ಟಕ್ಕಿಂತ ಸುಮಾರು 1.55 ಡಿಗ್ರಿಯಷ್ಟು ಅಧಿಕವಾಗಿತ್ತು. ಬೀದರ್‌ನಂಥ ಜಿಲ್ಲೆಯಲ್ಲಿ ವರ್ಷದ ಸರಾಸರಿ ಮಳೆ 800 ಮಿ.ಮೀ.ಗೂ ಹೆಚ್ಚು. ಒಟ್ಟು ಮೊತ್ತ ನೋಡಿದರೆ ಇದು ಕಡಿಮೆಯೇನಲ್ಲ. ಆದರೆ ಬೇಸಾಯಗಾರನಿಗೆ ಬೇಕಿರುವುದು ವರ್ಷದ ಸರಾಸರಿಯಲ್ಲ, ಮಿರಗದಲ್ಲಿ ಬಿತ್ತನೆಗೆ ಬೇಕಾದ ಹದ ಮತ್ತು ರಾಶಿಯ ಹೊತ್ತಿಗೆ ಬೇಕಾದ ಬಿಸಿಲು.

ಈ ಬಿಸಿಯನ್ನು ಹೆಚ್ಚಿಸಿದವರು ಯಾರು, ಅದರ ಬೆಲೆ ತೆರುವವರು ಯಾರು ಎಂಬ ಪ್ರಶ್ನೆಯೇ ಹವಾಮಾನ ನ್ಯಾಯದ ಮೂಲ. ಅಮೆರಿಕದ ಒಬ್ಬ ಪ್ರಜೆಯ ಪಾಲಿಗೆ ವರ್ಷಕ್ಕೆ ಸುಮಾರು 14 ಟನ್ ಇಂಗಾಲದ ಡೈಆಕ್ಸೈಡ್ ಬಂದರೆ, ಭಾರತೀಯನ ಪಾಲಿಗೆ ಬರುವುದು ಸುಮಾರು 2 ಟನ್. ಭಾರತದೊಳಗೂ ಹವಾನಿಯಂತ್ರಿತ ಕೊಠಡಿ, ಕಾರು, ವಿಮಾನ ಪ್ರಯಾಣಗಳುಳ್ಳ ನಗರವಾಸಿಯ ಪಾಲಿಗೂ ಔರಾದದ ಕೂಲಿಕಾರಳ ಪಾಲಿಗೂ ಅಜಗಜಾಂತರ. ದೇಶ-ದೇಶಗಳ ನಡುವಿನ ಅಂತರವನ್ನು 1992ರ ವಿಶ್ವಸಂಸ್ಥೆಯ ಹವಾಮಾನ ಒಡಂಬಡಿಕೆಯೇ ಒಪ್ಪಿಕೊಂಡಿದೆ. ಬಡ ದೇಶಗಳ ನಷ್ಟ ಭರಿಸಲು ಪ್ರತ್ಯೇಕ ನಿಧಿ ಸ್ಥಾಪಿಸುವ ತೀರ್ಮಾನ 2022ರಲ್ಲಿ ಈಜಿಪ್ಟಿನ ಶರ್ಮ್ ಅಲ್ ಶೇಖ್ ಸಮ್ಮೇಳನದಲ್ಲಿ ಹೊರಬಿತ್ತು. ನಮ್ಮ ಸುಪ್ರೀಂ ಕೋರ್ಟ್ ಕೂಡ 2024ರಲ್ಲಿ, ಎಂ.ಕೆ. ರಂಜಿತ್‌ಸಿನ್ಹ ಪ್ರಕರಣದ ತೀರ್ಪಿನಲ್ಲಿ, ಹವಾಮಾನ ಬದಲಾವಣೆಯ ದುಷ್ಪರಿಣಾಮಗಳಿಂದ ಮುಕ್ತವಾಗಿರುವ ಹಕ್ಕನ್ನು ಸಂವಿಧಾನದ 14 ಮತ್ತು 21ನೇ ವಿಧಿಗಳಡಿ ಗುರುತಿಸಿತು.

ಹಕ್ಕು ಇದೆ ಎಂದಾದ ಮೇಲೆ ಅದರ ಉಲ್ಲಂಘನೆಗೆ ಸಾಕ್ಷ್ಯ ಬೇಕಾಗುತ್ತದೆ. ಕನ್ನಡದ 'ಸಾಕ್ಷ್ಯಚಿತ್ರ' ಎಂಬ ಪದದಲ್ಲಿಯೇ ಆ ಕೆಲಸದ ಸೂಚನೆಯಿದೆ.

ಹಿಮದಿಂದ ಹೊಲದವರೆಗೆ

ಹವಾಮಾನ ಕುರಿತ ಚಿತ್ರವೆಂದರೆ ಬಹುಕಾಲ ಕರಗುವ ಹಿಮಗಡ್ಡೆಯ ಚಿತ್ರವೇ ಆಗಿತ್ತು. ಅಮೆರಿಕದ ಮಾಜಿ ಉಪಾಧ್ಯಕ್ಷ ಅಲ್ ಗೋರ್ ಅವರ ಉಪನ್ಯಾಸವನ್ನು ಆಧರಿಸಿ 2006ರಲ್ಲಿ ತೆರೆಕಂಡ 'ಆನ್ ಇನ್‌ಕನ್ವೀನಿಯೆಂಟ್ ಟ್ರೂತ್' ವಿಷಯವನ್ನು ಜಗತ್ತಿನ ಮನೆಮನೆಗೆ ತಲುಪಿಸಿತು. ಆದರೆ ಅದರಲ್ಲಿ ಮಾತನಾಡಿದ್ದು ತಜ್ಞರ ಅಂಕಿಅಂಶ. ನಷ್ಟ ಅನುಭವಿಸಿದವರ ದನಿ ಅಲ್ಲಿ ವಿರಳ.

ಭಾರತದಲ್ಲಿ ಆ ದನಿ ಕೇಳಿಬರಲು ತಡವಾಗಲಿಲ್ಲ. ಸುಂದರಬನದ ಘೋರಾಮಾರಾ ದ್ವೀಪವನ್ನು ಸಮುದ್ರ ನುಂಗುತ್ತಿರುವ ಕುರಿತು ಪ್ರದೀಪ್ ಸಾಹಾ ಅವರು 'ಮೀನ್ ಸೀ ಲೆವೆಲ್' ನಿರ್ಮಿಸಿದರು. ದೀಪಾ ಭಾಟಿಯಾ ಅವರ 'ನೀರೋಸ್ ಗೆಸ್ಟ್ಸ್' (2009) ಪತ್ರಕರ್ತ ಪಿ. ಸಾಯಿನಾಥ್ ಅವರ ಜೊತೆ ವಿದರ್ಭದ ರೈತರ ಮನೆಗಳಿಗೆ ಹೋಯಿತು. ಕರ್ನಾಟಕದ ಗಡಿಗೆ ಹೊಂದಿಕೊಂಡ ಅನಂತಪುರ ಸೀಮೆಯ ಬಂಜರು ನೆಲದಲ್ಲಿ ನಡೆದ ಸಾವಯವ ಕೃಷಿಯ ಪ್ರಯೋಗವನ್ನು ರಿಂಟು ಥಾಮಸ್ ಮತ್ತು ಸುಶ್ಮಿತ್ ಘೋಷ್ 'ತಿಂಬಕ್ತು' ಚಿತ್ರದಲ್ಲಿ ದಾಖಲಿಸಿದರು. ಅದಕ್ಕೆ ಪರಿಸರ ವಿಭಾಗದ ರಾಷ್ಟ್ರಪ್ರಶಸ್ತಿಯೂ ಸಂದಿತು. ಇದೇ ಇಬ್ಬರು ಮುಂದೆ ಉತ್ತರ ಪ್ರದೇಶದ ದಲಿತ ಪತ್ರಕರ್ತೆಯರನ್ನು ಕುರಿತು ಮಾಡಿದ 'ರೈಟಿಂಗ್ ವಿತ್ ಫೈರ್' (2021) ಆಸ್ಕರ್ ನಾಮನಿರ್ದೇಶನ ಪಡೆಯಿತು.

ಕರ್ನಾಟಕದಲ್ಲಿ ಪರಿಸರ ಚಿತ್ರಗಳ ಕಣ್ಣು ಹೆಚ್ಚಾಗಿ ನೆಟ್ಟಿದ್ದು ಪಶ್ಚಿಮ ಘಟ್ಟಗಳ ಮೇಲೆ. ಕುದುರೆಮುಖದ ಗಣಿಗಾರಿಕೆ ಕುರಿತು ಶೇಖರ್ ದತ್ತಾತ್ರಿ ಅವರು ಮಾಡಿದ ಚಿತ್ರ, ಆ ಗಣಿ 2005ರ ಅಂತ್ಯಕ್ಕೆ ಮುಚ್ಚುವವರೆಗಿನ ಹೋರಾಟದ ಭಾಗವಾಗಿತ್ತು. 2020ರಲ್ಲಿ ಚಿತ್ರಮಂದಿರಗಳಿಗೆ ಬಂದ 'ವೈಲ್ಡ್ ಕರ್ನಾಟಕ' ರಾಜ್ಯದ ವನ್ಯಸಂಪತ್ತನ್ನು ಜಗತ್ತಿಗೆ ತೋರಿಸಿತು. ಬಯಲುಸೀಮೆಯ ಕರಿಮಣ್ಣಿಗೆ ಅಂಥ ಭಾಗ್ಯ ದೊರೆತದ್ದು ಕಡಿಮೆ. ಹುಲಿ, ಜಲಪಾತಗಳಿಲ್ಲದ, ಬರ ಬಂದಾಗ ಮಾತ್ರ ಟಿ.ವಿ. ವಾಹನಗಳು ಧಾವಿಸುವ ಸೀಮೆಯಿದು. 2002ರಲ್ಲಿ ಡಾ. ಡಿ.ಎಂ. ನಂಜುಂಡಪ್ಪ ಸಮಿತಿಯು ಗುರುತಿಸಿದ ರಾಜ್ಯದ 39 ಅತ್ಯಂತ ಹಿಂದುಳಿದ ತಾಲ್ಲೂಕುಗಳಲ್ಲಿ 21 ಅಂದಿನ ಗುಲ್ಬರ್ಗ ವಿಭಾಗದಲ್ಲೇ ಇದ್ದವು ಎಂಬುದನ್ನು ಇಲ್ಲಿ ಸ್ಮರಿಸಬಹುದು. ಹಿಂದುಳಿದಿರುವಿಕೆ ರಸ್ತೆ, ಶಾಲೆಗಳಿಗೆ ಸೀಮಿತವಲ್ಲ. ತನ್ನ ಕಥೆಯನ್ನು ತಾನೇ ಹೇಳಿಕೊಳ್ಳುವ ಸಾಧನಗಳ ಕೊರತೆಯೂ ಅದರಲ್ಲಿ ಸೇರಿದೆ.

ಗಡಿಯಾಚೆಯ ಪಸ್ತಾಪುರ

ಈ ಕೊರತೆಗೆ ಉತ್ತರ ಹುಡುಕಿದವರಲ್ಲಿ ಒಬ್ಬ ಕನ್ನಡಿಗರಿದ್ದರು. ಮೈಸೂರಿನಲ್ಲಿ 1945ರಲ್ಲಿ ಜನಿಸಿದ ಪಿ.ವಿ. ಸತೀಶ್ ಅವರು ಪತ್ರಿಕೋದ್ಯಮ ಕಲಿತು ದೂರದರ್ಶನದಲ್ಲಿ ಕಾರ್ಯಕ್ರಮ ನಿರ್ಮಾಪಕರಾದವರು. 1975ರ ಆಗಸ್ಟ್‌ನಿಂದ ಒಂದು ವರ್ಷ ನಡೆದ 'ಸೈಟ್' ಉಪಗ್ರಹ ಟಿ.ವಿ. ಪ್ರಯೋಗದ ಕಾಲದಲ್ಲಿ ಅವರು ಗ್ರಾಮೀಣ ಕಾರ್ಯಕ್ರಮಗಳನ್ನು ರೂಪಿಸುತ್ತಿದ್ದರು. ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ಉಪಗ್ರಹದ ಮೂಲಕ ಟಿ.ವಿ. ತಲುಪಿಸಿದ ಆ ಪ್ರಯೋಗದಲ್ಲಿ ಕರ್ನಾಟಕದ ಗುಲ್ಬರ್ಗ, ರಾಯಚೂರು, ಬಿಜಾಪುರ ಜಿಲ್ಲೆಗಳೂ ಆಂಧ್ರದ ಮೇದಕ್ ಮೊದಲಾದ ಜಿಲ್ಲೆಗಳೂ ಸೇರಿದ್ದವು. ಹಳ್ಳಿಗರಿಗಾಗಿ ಪಟ್ಟಣದವರು ಮಾಡಿದ ಕಾರ್ಯಕ್ರಮಗಳು ಅವು. ಹಳ್ಳಿಯವರು ನೋಡುಗರಷ್ಟೇ ಆಗಿದ್ದರು.

1983ರಲ್ಲಿ ಸತೀಶ್ ಮತ್ತು ಗೆಳೆಯರು ಅಂದಿನ ಮೇದಕ್ ಜಿಲ್ಲೆಯ, 2016ರಿಂದ ಸಂಗಾರೆಡ್ಡಿ ಜಿಲ್ಲೆಗೆ ಸೇರಿರುವ ಜಹೀರಾಬಾದ್ ಬಳಿಯ ಪಸ್ತಾಪುರದಲ್ಲಿ ಡೆಕ್ಕನ್ ಡೆವಲಪ್‌ಮೆಂಟ್ ಸೊಸೈಟಿಯನ್ನು (ಡಿಡಿಎಸ್) ಕಟ್ಟಿದರು. ಸುಮಾರು 75 ಹಳ್ಳಿಗಳ 5 ಸಾವಿರದಷ್ಟು ಮಹಿಳೆಯರು, ಬಹುಪಾಲು ದಲಿತರು, ಹಳ್ಳಿ ಹಳ್ಳಿಯಲ್ಲಿ 'ಸಂಘಂ'ಗಳಾಗಿ ಒಗ್ಗೂಡಿದರು. ಬೀಳುಬಿದ್ದ ಹೊಲಗಳನ್ನು ಹಸನು ಮಾಡಿ ಜೋಳ, ಸಜ್ಜೆ, ನವಣೆ, ಸಾಮೆಗಳನ್ನು ಬೇಳೆಕಾಳುಗಳೊಂದಿಗೆ ಬೆರೆಸಿ ಬೆಳೆದರು. ಬೀಜಗಳನ್ನು ಮನೆಯಲ್ಲೇ ಕಾಪಿಟ್ಟರು. ತಾವು ಬೆಳೆದ ಜೋಳದಿಂದಲೇ ಪರ್ಯಾಯ ಪಡಿತರ ವ್ಯವಸ್ಥೆ ನಡೆಸಿದರು. ಒಂದು ಬೆಳೆ ಮಳೆಗೆ ಸಿಕ್ಕಿ ಹೋದರೂ ಇನ್ನೊಂದು ಉಳಿಯುತ್ತದೆಂಬ ಈ ಬೇಸಾಯವನ್ನು ಇಂದು 'ಹವಾಮಾನ ಸಹಿಷ್ಣು ಕೃಷಿ' ಎಂದು ಕರೆಯಲಾಗುತ್ತಿದೆ. ಈ ಮಹಿಳಾ ಸಂಘಗಳಿಗೆ 2019ರಲ್ಲಿ ವಿಶ್ವಸಂಸ್ಥೆಯ ಅಭಿವೃದ್ಧಿ ಕಾರ್ಯಕ್ರಮದ 'ಈಕ್ವೇಟರ್ ಪ್ರಶಸ್ತಿ' ಲಭಿಸಿತು. ಸತೀಶ್ ಅವರು 2023ರ ಮಾರ್ಚ್ 19ರಂದು ನಿಧನರಾದರು. ಅದು ವಿಶ್ವಸಂಸ್ಥೆ ಘೋಷಿಸಿದ್ದ ಅಂತರರಾಷ್ಟ್ರೀಯ ಸಿರಿಧಾನ್ಯ ವರ್ಷ.

ಈ ಮಹಿಳೆಯರ ಕೈಗೆ ಕ್ಯಾಮೆರಾ ಬಂದದ್ದು 1990ರ ದಶಕದ ಕೊನೆಯಲ್ಲಿ. ಬೀಜ, ಭೂಮಿ ನಮ್ಮದಾದ ಮೇಲೆ ಮಾಧ್ಯಮವೂ ನಮ್ಮದಾಗಬೇಕು ಎಂಬುದು ಅದರ ಹಿಂದಿನ ವಿಚಾರ. 2001ರಲ್ಲಿ ಕಮ್ಯುನಿಟಿ ಮೀಡಿಯಾ ಟ್ರಸ್ಟ್ ರೂಪುಗೊಂಡಿತು. ಚಿನ್ನ ನರಸಮ್ಮ, ಹುಮ್ನಾಪುರದ ಲಕ್ಷ್ಮಮ್ಮ, ಜಹೀರಾಬಾದಿನ ಪುಣ್ಯಮ್ಮ, ಎಡುಲಪಲ್ಲಿ ಮಂಜುಳಾ ಮೊದಲಾದವರು ಚಿತ್ರೀಕರಣವನ್ನೂ ಸಂಕಲನವನ್ನೂ ಕಲಿತರು. ಓದು-ಬರಹ ಬಾರದವರು ಗುಂಡಿಗಳನ್ನು ಗುರುತಿನಿಂದ, ದೃಶ್ಯಗಳ ಕ್ರಮವನ್ನು ನೆನಪಿನಿಂದ ಹಿಡಿದಿಟ್ಟುಕೊಂಡರು. ಹಬ್ಬ, ಬೀಜದ ಜಾತ್ರೆ, ಮದ್ದಿನ ಗಿಡ, ಹೊಲಗೆಲಸ ಹೀಗೆ ತಮ್ಮ ಬದುಕಿನ ವಿಷಯಗಳೇ ಮೊದಲ ಚಿತ್ರಗಳಾದವು. 2008ರ ಅಕ್ಟೋಬರ್ 15ರಂದು ಸಮೀಪದ ಮಾಚನೂರಿನಿಂದ ಅವರದೇ 'ಸಂಘಂ ರೇಡಿಯೊ' ಕೂಡ ಪ್ರಸಾರ ಆರಂಭಿಸಿತು.

ಪಟೇಲನ ನೋಟ, ಸಂಘದ ನೋಟ

ಚಿತ್ರರಂಗದಲ್ಲಿ ಕ್ಯಾಮೆರಾವನ್ನು ಎತ್ತರದಲ್ಲಿಟ್ಟು ತೆಗೆದರೆ 'ಹೈ ಆ್ಯಂಗಲ್', ತಗ್ಗಿನಲ್ಲಿಟ್ಟು ತೆಗೆದರೆ 'ಲೋ ಆ್ಯಂಗಲ್' ಎನ್ನುತ್ತಾರೆ. ಪಸ್ತಾಪುರದ ಮಹಿಳೆಯರು ಇವಕ್ಕೆ ತಮ್ಮದೇ ಹೆಸರು ಕೊಟ್ಟರು. ಮೇಲಿನಿಂದ ಕೆಳಗೆ ನೋಡುವುದು 'ಪಟೇಲ್ ಶಾಟ್', ಏಕೆಂದರೆ ಊರಿನ ಪಟೇಲ ತಮ್ಮನ್ನು ನೋಡುತ್ತಿದ್ದುದು ಹಾಗೆ. ಕೆಳಗಿನಿಂದ ತಲೆಯೆತ್ತಿ ನೋಡುವುದು ಜೀತದಾಳಿನ ಶಾಟ್. ಎದುರಿಗಿರುವವರ ಕಣ್ಣಿನ ಮಟ್ಟದಲ್ಲಿ ಕ್ಯಾಮೆರಾ ಇಡುವುದು 'ಸಂಘಂ ಶಾಟ್'. ಸಂಘದ ಸಭೆಯಲ್ಲಿ ಎಲ್ಲರೂ ನೆಲದ ಮೇಲೆ ಸಮನಾಗಿ ಕುಳಿತು ಮಾತನಾಡುವ ಕಾರಣ ಆ ಹೆಸರು.

ಇದು ಹೆಸರಿಡುವ ಚಮತ್ಕಾರವಷ್ಟೇ ಅಲ್ಲ. ಬರಗಾಲದ ವರದಿಗಳಲ್ಲಿ ನಾವು ಸದಾ ಕಾಣುವ ಚಿತ್ರವನ್ನು ಜ್ಞಾಪಿಸಿಕೊಳ್ಳಬಹುದು. ಬಿರುಕುಬಿಟ್ಟ ಕೆರೆ, ಅದರ ನಡುವೆ ಕೊಡ ಹೊತ್ತ ಹೆಂಗಸು, ದಂಡೆಯ ಮೇಲಿನಿಂದ ಕ್ಯಾಮೆರಾ. ಆ ಹೆಂಗಸಿಗೆ ಹೆಸರಿಲ್ಲ, ಅವಳ ಮಾತಿಲ್ಲ, ಅವಳ ಅಭಿಪ್ರಾಯವಿಲ್ಲ. ನೋಡುಗರಲ್ಲಿ ಅದು ಕರುಣೆ ಹುಟ್ಟಿಸುತ್ತದೆ. ಅವಳ ಹಕ್ಕಿನ ಪ್ರಶ್ನೆಯನ್ನು ಎತ್ತುವುದಿಲ್ಲ. ಈಚೆಗೆ ಎಲ್ಲ ಚಿತ್ರಗಳಲ್ಲೂ ಕಡ್ಡಾಯವೆಂಬಂತಾಗಿರುವ ಡ್ರೋನ್ ದೃಶ್ಯ ಈ ಅರ್ಥದಲ್ಲಿ ಪಟೇಲ್ ಶಾಟ್‌ನ ಪರಮಾವಧಿ ಎನ್ನಬಹುದು. ಮುಳುಗಿದ ಹೊಲಗಳ ವಿಸ್ತಾರ ಅದರಿಂದ ತಿಳಿಯುತ್ತದೆ. ಯಾವ ಹೊಲ ಯಾರ ಸಾಲದ್ದು ಎಂಬುದು ತಿಳಿಯುವುದಿಲ್ಲ.

ಚಿತ್ರವನ್ನು ಅದರಲ್ಲಿರುವವರಿಗೇ ಮರಳಿ ತೋರಿಸುವುದು ಈ ಪರಂಪರೆಯ ಮತ್ತೊಂದು ಲಕ್ಷಣ. 1967ರಲ್ಲಿ ಕೆನಡಾದ ಫೋಗೊ ದ್ವೀಪದ ಮೀನುಗಾರರ ಕುರಿತ ಕಿರುಚಿತ್ರಗಳನ್ನು ಮೊದಲು ದ್ವೀಪದ ಜನರಿಗೆ ತೋರಿಸಿ, ಬಳಿಕ ಸರ್ಕಾರದ ಮುಂದಿಡಲಾಯಿತು. ಹಳ್ಳಿ ಮತ್ತು ಆಡಳಿತದ ನಡುವೆ ಮಾತುಕತೆಗೆ ಅದು ದಾರಿಯಾಯಿತು. ಅಹಮದಾಬಾದಿನ 'ಸೇವಾ' ಸಂಘಟನೆಯ ಮಹಿಳೆಯರು 1984ರಲ್ಲಿ ವಿಡಿಯೊ ಕಲಿತದ್ದೂ ಇದೇ ಜಾಡಿನಲ್ಲಿ. ಚಿತ್ರದಲ್ಲಿರುವವರು 'ಇದು ನಿಜ' ಎಂದು ಒಪ್ಪಿದ ಮೇಲೆ ಅದಕ್ಕೆ ಬರುವ ಬಲ ಬೇರೆಯೇ.

ಸಾಕ್ಷ್ಯ ಹೇಗೆ ಕೂಡಿಬರುತ್ತದೆ?

ಡಿಡಿಎಸ್ ಮಹಿಳೆಯರ ಅತಿ ಹೆಚ್ಚು ಚರ್ಚೆಗೊಳಗಾದ ಚಿತ್ರಗಳು ಬಿಟಿ ಹತ್ತಿಯನ್ನು ಕುರಿತವು. 2002ರಲ್ಲಿ ದೇಶದಲ್ಲಿ ಬಿಟಿ ಹತ್ತಿಗೆ ಅನುಮತಿ ದೊರೆತಾಗ ಅವರು ವಾರಂಗಲ್ ಜಿಲ್ಲೆಯ ರೈತರ ಹೊಲಗಳಿಗೆ ಹಂಗಾಮಿನುದ್ದಕ್ಕೂ ಹೋಗಿ ಚಿತ್ರೀಕರಿಸಿದರು. 'ವಾರಂಗಲ್ ರೈತರಿಗೆ ಬಿಟಿ ಹತ್ತಿಯ ಮೇಲೆ ಸಿಟ್ಟೇಕೆ?' ಎಂಬರ್ಥದ ಶೀರ್ಷಿಕೆಯ ಚಿತ್ರ 2003ರಲ್ಲಿ ಹೊರಬಂತು. ಅಲ್ಲಿಗೇ ಬಿಡದೆ ಮೂರು ವರ್ಷಗಳ ಕಾಲ ಅದೇ ವಿಷಯವನ್ನು ಬೆನ್ನುಹತ್ತಿ 2005ರಲ್ಲಿ ಇನ್ನೊಂದು ಚಿತ್ರ ಮಾಡಿದರು. ಅದರ ಜೊತೆಗೆ ಕೃಷಿ ವಿಜ್ಞಾನಿಗಳ ಲೆಕ್ಕಾಚಾರದ ಅಧ್ಯಯನವೂ ನಡೆದಿತ್ತು. ಮುಂದೆ ದಕ್ಷಿಣ ಆಫ್ರಿಕಾ, ಮಾಲಿ, ಇಂಡೊನೇಷ್ಯಾಗಳ ಹತ್ತಿ ಬೆಳೆಗಾರರನ್ನೂ ಮಾತನಾಡಿಸಿದರು.

ಇಲ್ಲಿ ಗಮನಿಸಬೇಕಾದುದು ವಿಧಾನ. ಬೆಳೆ ಹಾಳಾದ ದಿನ ಹೋಗಿ ಅಳುವ ರೈತನನ್ನು ತೋರಿಸುವುದಕ್ಕೂ ಬಿತ್ತನೆಯ ದಿನದಿಂದ ಮಾರಾಟದ ದಿನದವರೆಗೆ ಅವನ ಖರ್ಚು-ಆದಾಯಗಳನ್ನು ಹಿಂಬಾಲಿಸುವುದಕ್ಕೂ ವ್ಯತ್ಯಾಸವಿದೆ. ಮೊದಲನೆಯದು ಘಟನೆ, ಎರಡನೆಯದು ಸಾಕ್ಷ್ಯ.

ಅಂಥ ಚಿತ್ರಗಳ ಮಿತಿಯನ್ನೂ ಮುಚ್ಚಿಡಬೇಕಾಗಿಲ್ಲ. 2005ರಲ್ಲಿ ಕೇಂದ್ರದ ಅನುಮೋದನಾ ಸಮಿತಿಯು ಮೊದಲ ಮೂರು ಬಿಟಿ ತಳಿಗಳಿಗೆ ಆಂಧ್ರಪ್ರದೇಶದಲ್ಲಿ ಅನುಮತಿ ನವೀಕರಿಸಲಿಲ್ಲ. ಆದರೆ ಬೇರೆ ಬಿಟಿ ತಳಿಗಳು ಬಂದವು. ಒಂದು ದಶಕದೊಳಗೆ ದೇಶದ ಹತ್ತಿ ಪ್ರದೇಶದ ಶೇ 90ಕ್ಕೂ ಹೆಚ್ಚು ಭಾಗವನ್ನು ಅವು ಆವರಿಸಿದವು. ಲಾಭ-ನಷ್ಟಗಳ ಕುರಿತ ವಾದ ವಿಜ್ಞಾನಿಗಳ ನಡುವೆ ಇಂದಿಗೂ ಮುಗಿದಿಲ್ಲ. ಚಿತ್ರವೊಂದು ತೀರ್ಪು ಕೊಡಲಾರದು. ತೀರ್ಪು ಕೊಡುವವರ ಮುಂದೆ, ಮೊದಲು ಇಲ್ಲದಿದ್ದ ಒಂದು ದನಿಯನ್ನು ಇಡಬಲ್ಲದು.

ಎಲ್ಲಕ್ಕೂ ಹವಾಮಾನವೇ ಕಾರಣವೇ?

ಹವಾಮಾನದ ಚಿತ್ರ ಮಾಡುವವರು ಬೀಳಬಹುದಾದ ದೊಡ್ಡ ಹಳ್ಳವೊಂದಿದೆ. ಪ್ರತಿ ಬರ, ಪ್ರತಿ ನೆರೆಯನ್ನೂ ಹವಾಮಾನ ಬದಲಾವಣೆಯ ತಲೆಗೆ ಕಟ್ಟಿಬಿಡುವುದು. ಹಾಗೆ ಮಾಡಿದರೆ ಸ್ಥಳೀಯ ಹೊಣೆಗಾರರೆಲ್ಲ ಪಾರಾಗುತ್ತಾರೆ.

ಇದಕ್ಕೆ ಔರಾದದ ಅಂಚಿನಲ್ಲೇ ಹರಿಯುವ ಮಾಂಜ್ರಾ ನದಿಯೇ ನಿದರ್ಶನ. ಮಹಾರಾಷ್ಟ್ರದ ಬೀಡ್ ಜಿಲ್ಲೆಯ ಬಾಲಾಘಾಟ್ ಬೆಟ್ಟಗಳಲ್ಲಿ ಹುಟ್ಟಿ, ಲಾತೂರು, ಬೀದರ್ ದಾಟಿ ತೆಲಂಗಾಣದಲ್ಲಿ ಗೋದಾವರಿ ಸೇರುವ ಈ ನದಿಯ ಉದ್ದ ಸುಮಾರು 724 ಕಿ.ಮೀ. 2016ರ ಏಪ್ರಿಲ್‌ನಲ್ಲಿ ಈ ಕಣಿವೆ ಎಷ್ಟು ಒಣಗಿತ್ತೆಂದರೆ, ಲಾತೂರು ನಗರಕ್ಕೆ ಸುಮಾರು 340 ಕಿ.ಮೀ. ದೂರದ ಮೀರಜ್‌ನಿಂದ ರೈಲಿನಲ್ಲಿ ಕುಡಿಯುವ ನೀರು ತರಬೇಕಾಯಿತು. ಮೊದಲ ರೈಲು ಏಪ್ರಿಲ್ 12ರಂದು 10 ವ್ಯಾಗನ್‌ಗಳಲ್ಲಿ ಸುಮಾರು 5 ಲಕ್ಷ ಲೀಟರ್ ನೀರು ಹೊತ್ತು ತಲುಪಿತು. ಅದೇ ವರ್ಷದ ಸೆಪ್ಟೆಂಬರ್ ಕೊನೆಗೆ ಸುರಿದ ಭಾರಿ ಮಳೆಯಲ್ಲಿ ಇದೇ ಸೀಮೆಯ ಜಲಾಶಯಗಳು ತುಂಬಿದವು, ಹೊಲಗಳು ಜಲಾವೃತವಾದವು. ಐದೇ ತಿಂಗಳ ಅಂತರದಲ್ಲಿ ಬರವೂ ನೆರೆಯೂ ಬಂದುಹೋದವು.

ಮಳೆಯ ಈ ಏರಿಳಿತದಲ್ಲಿ ಕಾಯುತ್ತಿರುವ ಭೂಮಿಯ ಪಾತ್ರವಿರಬಹುದು. ಆದರೆ ರೈಲು ಬರುವಂತಾಗಲು ಅದೊಂದೇ ಕಾರಣವಾಗಿರಲಿಲ್ಲ. ಮಳೆ ಆಧರಿಸಿದ ಸೀಮೆಯಲ್ಲಿ ನೀರುಬಾಕ ಕಬ್ಬು ಹಬ್ಬಿದ್ದು, ಸಕ್ಕರೆ ಕಾರ್ಖಾನೆಗಳು ಹೆಚ್ಚಿದ್ದು, ಕೊಳವೆಬಾವಿಗಳು ಆಳಕ್ಕಿಳಿದದ್ದು ಮನುಷ್ಯರ ತೀರ್ಮಾನಗಳು. ನೀರಿದ್ದಾಗ ಅದು ಕಬ್ಬಿನ ಹೊಲಕ್ಕೆ ಹೋಗುತ್ತದೆ. ನೀರಿಲ್ಲದಾಗ ಕೊಡ ಹಿಡಿದು ನಿಲ್ಲುವವರು ಬೇರೆಯವರು. ಈ ಎರಡು ಕಾರಣಗಳನ್ನು ಬಿಡಿಸಿ ತೋರಿಸುವ ಚಿತ್ರವೇ ಪ್ರಾಮಾಣಿಕ ಚಿತ್ರ.

ಔರಾದದಲ್ಲಿ ಚಿತ್ರ ಮಾಡುವುದಾದರೆ

ಔರಾದ ತಾಲ್ಲೂಕಿನ ಬೇಸಾಯ ಬಹುಮಟ್ಟಿಗೆ ಮಳೆಯನ್ನೇ ನಂಬಿದ್ದು. ಹೆಸರು, ಉದ್ದು, ತೊಗರಿ, ಸೋಯಾಬೀನ್ ಇಲ್ಲಿನ ಮುಂಗಾರು ಬೆಳೆಗಳು. ಹಿಂಗಾರಿಗೆ ಬಿಳಿಜೋಳ, ಕಡಲೆ. ರಾಜ್ಯದ ಪ್ರಮುಖ ಸೋಯಾಬೀನ್ ಜಿಲ್ಲೆ ಬೀದರ್. ಸುಮಾರು 100 ದಿನಗಳ ಈ ಬೆಳೆ ಕೊಯ್ಲಿಗೆ ಬರುವುದು ಸೆಪ್ಟೆಂಬರ್ ಕೊನೆ, ಅಕ್ಟೋಬರ್ ಮೊದಲಲ್ಲಿ. ಅಂದರೆ ಹಿಂದಿರುಗುವ ಮಳೆ ಒಮ್ಮೆಲೇ ಸುರಿಯುವ ಅಪಾಯವಿರುವ ಹೊತ್ತಿನಲ್ಲಿ. ಇಂಥ ಸೀಮೆಯ ಚಿತ್ರಕ್ಕೆ ಮೂರು ದಿನಗಳ ಚಿತ್ರೀಕರಣ ಸಾಲದು. ಮಿರಗದ ಬಿತ್ತನೆಯಿಂದ ತೊಗರಿ ರಾಶಿಯವರೆಗೆ, ಎಂದರೆ ಜೂನ್‌ನಿಂದ ಜನವರಿಯವರೆಗೆ, ಒಂದೇ ಹೊಲಕ್ಕೆ ಮತ್ತೆ ಮತ್ತೆ ಹೋಗಬೇಕಾಗುತ್ತದೆ.

ಆ ಹೊಲಕ್ಕೆ ಸಂಬಂಧಿಸಿದ ಎಲ್ಲರನ್ನೂ ಚಿತ್ರ ಒಳಗೊಳ್ಳಬೇಕಾಗುತ್ತದೆ. ಪಹಣಿಯ ಒಡೆಯ, ಲಾವಣಿಗೆ ಮಾಡುವವನು, ಕಳೆ ತೆಗೆಯುವ ಹೆಣ್ಣುಮಕ್ಕಳು, ರಾಶಿ ಯಂತ್ರದವನು, ಮಂಡಿಯ ವ್ಯಾಪಾರಿ. ಬೆಳೆ ಹಾನಿಯಾದಾಗ ಯಾರ ಕೈಗೆ ಎಷ್ಟು ಬಂತು ಎಂದು ಕೇಳಿದರೆ ಸಾಕು, ನ್ಯಾಯದ ಪ್ರಶ್ನೆ ತಾನಾಗಿ ಎದ್ದು ನಿಲ್ಲುತ್ತದೆ. ಕೇಂದ್ರ ಸರ್ಕಾರ 2022–23ರಿಂದ 2025–26ರ ಅವಧಿಗೆ ನಿಗದಿಪಡಿಸಿದ ವಿಪತ್ತು ಪರಿಹಾರ ಮಾನದಂಡದಂತೆ, ಶೇ 33 ಅಥವಾ ಅದಕ್ಕಿಂತ ಹೆಚ್ಚು ಹಾನಿಯಾದ ಮಳೆಯಾಶ್ರಿತ ಬೆಳೆಗೆ ಹೆಕ್ಟೇರಿಗೆ 8,500 ರೂಪಾಯಿ. ರಾಜ್ಯ ಸರ್ಕಾರ ಕೆಲವು ವರ್ಷ ಇದಕ್ಕೆ ತನ್ನ ಪಾಲನ್ನೂ ಸೇರಿಸಿದೆ. ಹಣ ಸಂದಾಯವಾಗುವುದು ಭೂದಾಖಲೆಯ ಆಧಾರದ ಮೇಲೆ. ಹೊಲವಿಲ್ಲದವಳ ಕೂಲಿ ನಷ್ಟ ಹೆಕ್ಟೇರಿನ ಲೆಕ್ಕಕ್ಕೆ ಸಿಗುವುದಿಲ್ಲ.

ತೋರಿಸಲು ದುರಂತವೇ ಬೇಕೆಂದೂ ಇಲ್ಲ. ಎಳ್ಳ ಅಮಾವಾಸ್ಯೆಯ ದಿನ ಬೀದರ್ ಸೀಮೆಯ ಜನ ಹೊಲಕ್ಕೆ ಹೋಗಿ ಪೂಜೆ ಮಾಡಿ, ಚರಗ ಚೆಲ್ಲಿ ಒಟ್ಟಾಗಿ ಉಣ್ಣುತ್ತಾರೆ. ಅಂದಿನ ಊಟದಲ್ಲಿ ಸಜ್ಜೆ ರೊಟ್ಟಿ, ಅಂಬಲಿಯ ಜೊತೆ ಭಜ್ಜಿ ಇರಲೇಬೇಕು. ಹಸಿ ತೊಗರಿ, ಅವರೆ, ಕಡಲೆ, ಬಗೆಬಗೆಯ ಸೊಪ್ಪು, ತರಕಾರಿಗಳನ್ನು ಕೂಡಿಸಿ ಮಾಡುವ ಪಲ್ಯವದು. ಅದರಲ್ಲಿ ಹಾಕಿದ ಕಾಳು-ಸೊಪ್ಪುಗಳಲ್ಲಿ ಎಷ್ಟು ತನ್ನ ಹೊಲದ್ದು, ಎಷ್ಟು ಸಂತೆಯದು ಎಂದು ಮನೆಯ ಹಿರಿಯಳನ್ನು ಕೇಳಿದರೆ, ಒಂದು ತಲೆಮಾರಿನಲ್ಲಿ ಹೊಲದ ಬೆಳೆವೈವಿಧ್ಯ ಹೇಗೆ ಬದಲಾಯಿತೆಂಬ ಕಥೆ ಯಾವ ನಕ್ಷೆಯೂ ಇಲ್ಲದೆ ತೆರೆದುಕೊಳ್ಳುತ್ತದೆ.

ಭಾಷೆಯ ವಿಚಾರವೂ ಮುಖ್ಯ. ಔರಾದದಲ್ಲಿ ಕನ್ನಡದೊಂದಿಗೆ ಮರಾಠಿ, ತೆಲುಗು, ಉರ್ದು, ಲಂಬಾಣಿ ನುಡಿಗಳು ಬೆರೆತಿವೆ. ಜನ ತಮ್ಮ ಮನೆಮಾತಿನಲ್ಲೇ ಮಾತನಾಡಲಿ, ಅಡಿಬರಹ ಕನ್ನಡದಲ್ಲಿರಲಿ ಎಂಬ ಕ್ರಮ ಸೂಕ್ತ. ನಿರೂಪಕನ ಗ್ರಾಂಥಿಕ ದನಿ ಅವರ ಮಾತನ್ನು ಮುಚ್ಚಿಬಿಡಬಾರದು.

ಒಪ್ಪಿಗೆಯ ಪ್ರಶ್ನೆ ಇನ್ನೂ ಸೂಕ್ಷ್ಮ. ಚಿತ್ರ ಮಾಡಿದವರು ಊರು ಬಿಟ್ಟು ಹೋಗುತ್ತಾರೆ. ಚಿತ್ರದಲ್ಲಿ ಸಾಹುಕಾರನ ವಿರುದ್ಧ ಮಾತನಾಡಿದ ಕೂಲಿಕಾರಳು ಮರುದಿನ ಅವನ ಹೊಲಕ್ಕೇ ಹೋಗಬೇಕು. ಆದ್ದರಿಂದ ಚಿತ್ರ ಎಲ್ಲಿ, ಯಾರ ಮುಂದೆ ಪ್ರದರ್ಶನವಾಗುತ್ತದೆ ಎಂಬುದನ್ನು ಮೊದಲೇ ವಿವರಿಸಿ, ಸಂಕಲನದ ಬಳಿಕ ಅವರಿಗೆ ತೋರಿಸಿ, ಬೇಡವೆಂದ ಮಾತನ್ನು ತೆಗೆದುಹಾಕುವುದು ಸೌಜನ್ಯ ಮಾತ್ರವಲ್ಲ, ಕರ್ತವ್ಯ.

ಹಣ, ಕಾನೂನು, ಪ್ರದರ್ಶನ

ಇಪ್ಪತ್ತು ವರ್ಷಗಳ ಹಿಂದೆ ಕ್ಯಾಮೆರಾ, ಸಂಕಲನ ಯಂತ್ರಗಳ ಬೆಲೆಯೇ ಅಡ್ಡಿಯಾಗಿತ್ತು. ಇಂದು ಮೊಬೈಲಿನಲ್ಲೇ ಚಿತ್ರೀಕರಿಸಿ ಸಂಕಲಿಸಬಹುದು. ದೃಶ್ಯಕ್ಕಿಂತ ಧ್ವನಿಯೇ ಹೆಚ್ಚಾಗಿ ಕೆಡುವುದರಿಂದ ಪ್ರತ್ಯೇಕ ಮೈಕ್ ಇದ್ದರೆ ಒಳ್ಳೆಯದು. ಬೀದರ್‌ನಲ್ಲಿ ವಾಯುಪಡೆಯ ನೆಲೆ ಇರುವುದರಿಂದ ಡ್ರೋನ್ ಹಾರಿಸುವ ಮುನ್ನ 2021ರ ಡ್ರೋನ್ ನಿಯಮಗಳ ವಲಯ ನಕ್ಷೆಯನ್ನು ನೋಡಿಕೊಳ್ಳುವುದು ಅವಶ್ಯ.

ಸಾರ್ವಜನಿಕ ಪ್ರದರ್ಶನಕ್ಕೆ 1952ರ ಸಿನಿಮಾಟೋಗ್ರಾಫ್ ಕಾಯ್ದೆಯಡಿ ಪ್ರಮಾಣಪತ್ರ ಬೇಕು. 2004ರಲ್ಲಿ ಮುಂಬೈ ಅಂತರರಾಷ್ಟ್ರೀಯ ಚಿತ್ರೋತ್ಸವವು ಭಾರತೀಯ ಸಾಕ್ಷ್ಯಚಿತ್ರಗಳಿಗೂ ಸೆನ್ಸಾರ್ ಪ್ರಮಾಣಪತ್ರ ಕೇಳಿದಾಗ ನಿರ್ಮಾಪಕರು ಪ್ರತಿಭಟಿಸಿ 'ವಿಕಲ್ಪ್' ಎಂಬ ಪರ್ಯಾಯ ಉತ್ಸವ ನಡೆಸಿದ್ದುಂಟು. ಸರ್ಕಾರಿ ನಿರ್ಮಾಣ ಸಂಸ್ಥೆಯಾಗಿದ್ದ ಫಿಲ್ಮ್ಸ್ ಡಿವಿಷನ್ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದೊಳಗೆ ವಿಲೀನವಾಗಿದೆ. ಹೀಗಾಗಿ ಸಣ್ಣ ಊರಿನ ನಿರ್ಮಾಪಕನಿಗೆ ಹಣದ ಮೂಲಗಳು ಕಡಿಮೆ. ಆದರೆ ಪಿ. ಸಾಯಿನಾಥ್ 2014ರಲ್ಲಿ ಆರಂಭಿಸಿದ 'ಪರಿ' ಜಾಲತಾಣದಂಥ ವೇದಿಕೆಗಳು ಹಳ್ಳಿಯ ಬದುಕಿನ ಬರಹ, ಚಿತ್ರಗಳನ್ನು ಕನ್ನಡವೂ ಸೇರಿದಂತೆ ಹಲವು ಭಾಷೆಗಳಲ್ಲಿ ಪ್ರಕಟಿಸುತ್ತಿವೆ.

ವಾಸ್ತವವಾಗಿ ಔರಾದದ ರೈತರ ಕೈಗೆ ಕ್ಯಾಮೆರಾ ಈಗಾಗಲೇ ಬಂದಿದೆ. ರಾಜ್ಯ ಸರ್ಕಾರದ ಬೆಳೆ ಸಮೀಕ್ಷೆ ಆ್ಯಪ್‌ನಲ್ಲಿ ರೈತರೇ ತಮ್ಮ ಹೊಲದ ಚಿತ್ರ ತೆಗೆದು ಕಳಿಸುವ ಅವಕಾಶವನ್ನು 2020ರಿಂದ ನೀಡಲಾಗಿದೆ. ಫಸಲ್ ಬಿಮಾ ಯೋಜನೆಯಡಿ ಸ್ಥಳೀಯ ವಿಕೋಪದಿಂದ ಹಾನಿಯಾದರೆ 72 ಗಂಟೆಗಳೊಳಗೆ ತಿಳಿಸಬೇಕೆಂಬ ನಿಯಮವಿದ್ದು, ಅದಕ್ಕೂ ಆ್ಯಪ್ ಬಳಸಬಹುದು. ಮೊಬೈಲ್ ಚಿತ್ರವನ್ನು ಸರ್ಕಾರವೇ ಪುರಾವೆಯೆಂದು ಒಪ್ಪಿಕೊಂಡಿದೆ ಎಂದಾಯಿತು. ಉಳಿದಿರುವ ಪ್ರಶ್ನೆ ಒಂದೇ. ಆ ಕ್ಯಾಮೆರಾ ಬೆಳೆಯನ್ನು ಮಾತ್ರ ನೋಡಬೇಕೇ, ಬೆಳೆಯ ಜೊತೆ ದುಡಿದವರನ್ನೂ ನೋಡಬೇಕೇ?

ಪಸ್ತಾಪುರದ ಮಹಿಳೆಯರು ಇದಕ್ಕೆ ಉತ್ತರ ಕೊಟ್ಟು ಎರಡು ದಶಕಗಳು ಕಳೆದಿವೆ. ಅವರು ಕುಳಿತ ನೆಲವೂ ಔರಾದದ ನೆಲವೂ ಒಂದೇ ಸೀಮೆಯವು, ಒಂದೇ ಮುಂಗಾರನ್ನು ಕಾಯುವಂಥವು. ಮುಂದಿನ ಆಗಸ್ಟ್‌ನಲ್ಲಿ ಹೆಸರು ಕಾಯಿ ಮಳೆಗೆ ಸಿಕ್ಕಾಗ, ಕಾಯಿ ಬಿಡಿಸಲು ಬಂದು ಬರಿಗೈಲಿ ಮರಳಿದವಳ ಕಣ್ಣಿನ ಮಟ್ಟದಲ್ಲಿ ಒಂದು ಕ್ಯಾಮೆರಾ ಇದ್ದರೆ, ಅವಳ ನಷ್ಟಕ್ಕೂ ಒಂದು ದಾಖಲೆ ಉಳಿಯುತ್ತದೆ.